ಹಾಲಮ್ಮನ ಪಿಸ್ತೂಲು, ದಾವಲ್‌ಸಾಬರ ಹತ್ತಿ

ನಮ್ಮೂರಿನಲ್ಲಿ ಬೆಳಿಗ್ಗೆ ಎದುರು ಸಿಕ್ಕವರನ್ನು ತಿಂಡಿಯಾಯಿತೇ ಎಂದು ಯಾರೂ ಕೇಳುವುದಿಲ್ಲ. "ಪಿಸ್ತೂಲಾಯ್ತಾ?" ಎನ್ನುತ್ತೇವೆ. ಆಯಿತು ಎಂದರೆ ಆ ಮನೆಯ ಕೆಲಸ ಶುರುವಾಗಿದೆ ಎಂದರ್ಥ. ಇನ್ನೂ ಇಲ್ಲ ಎಂದರೆ, ಪಾಪ, ಕಾಯುತ್ತಿದ್ದಾರೆ, ಹೆಚ್ಚು ಮಾತಾಡಿಸಬಾರದು. ಹೊಸ ಸೊಸೆ ಉಡುವ ಮೊದಲ ಸೀರೆಗೆ ಪಿಸ್ತೂಲಿನ ಸೀರೆ ಎಂದೇ ಹೆಸರು. ಮಾತು ಕೊಟ್ಟು ಮಾಡದೆ ಹಲ್ಲುಕಿರಿಯುವವನು ಒದ್ದೆ ಪಿಸ್ತೂಲು. ನನ್ನಮ್ಮನಿಗೆ ಮುದ್ದು ಉಕ್ಕಿದರೆ "ಬಾರೇ ನನ್ನ ಪಿಸ್ತೂಲೇ" ಎಂದು ನನ್ನನ್ನು ಎತ್ತಿಕೊಳ್ಳುತ್ತಿದ್ದಳು. ಸಿಟ್ಟು ಬಂದಾಗಲೂ ಅದೇ ಮಾತು, ದನಿ ಮಾತ್ರ ಬೇರೆ, ಜೊತೆಗೆ ಕೈಯಲ್ಲಿ ಲಟ್ಟಣಿಗೆ.

ಇಷ್ಟೆಲ್ಲ ಮಾತಿಗೂ ಊರಲ್ಲಿದ್ದದ್ದು ಒಂದೇ ಒಂದು ಪಿಸ್ತೂಲು. ಅದು ನನ್ನ ದೊಡ್ಡಮ್ಮ ಹಾಲಮ್ಮನ ಅಡುಗೆಮನೆಯಲ್ಲಿ, ಜೋಳದ ಡಬ್ಬದ ಮೇಲಿನ ಗೂಟಕ್ಕೆ ನೇತುಹಾಕಿದ ಕೆಂಪು ಚೀಲದಲ್ಲಿ ಇರುತ್ತಿತ್ತು. ಒಂದು ಚಿಟಿಕೆ ಮದ್ದು ತುಂಬಿ ಆಕಾಶಕ್ಕೆ ಹಿಡಿದು ಕೊಕ್ಕೆ ಎಳೆದರೆ ಢಂ ಎನ್ನುತ್ತಿತ್ತು. ಅಷ್ಟೇ. ಅದರೊಳಗೆ ಬೇರೆ ಏನಾದರೂ ಹಾಕುತ್ತಾರೆ ಎನ್ನುವುದು ನಮಗೆ ಗೊತ್ತೇ ಇರಲಿಲ್ಲ.

ಆ ಸದ್ದು ಕೇಳದೆ ನಮ್ಮಲ್ಲಿ ಯಾವುದೂ ಶುರುವಾಗುವುದಿಲ್ಲ. ಬಾವಿ ತೋಡಿದರೆ ನೀರು ಬಂಡೆಯ ಹಿಂದೆಯೇ ನಿಂತು ಕಾಯುತ್ತದೆ. ಹೊಸ ಕಾವಲಿಯ ಮೇಲೆ ದೋಸೆ ಏಳುವುದಿಲ್ಲ. ತಾಳಿ ಕಟ್ಟಿಸಿಕೊಂಡವಳೂ ಕಟ್ಟಿದವನೂ "ತಾವು ಕೂತ್ಕೊಳ್ಳಿ, ಪರವಾಗಿಲ್ಲ ತಾವೇ ಕೂತ್ಕೊಳ್ಳಿ" ಎನ್ನುತ್ತ ನೆಂಟರ ಹಾಗೆ ನಿಂತೇ ಇರುತ್ತಾರೆ. ಸಾವಿನ ಮನೆಯಲ್ಲೂ ಹೀಗೆಯೇ. ಹೆಣದ ಸುತ್ತ ಜನ ಬಸ್ಸಿಗೆ ಕಾಯುವವರಂತೆ ಒಣಗಣ್ಣಿನಲ್ಲಿ ಕೂತಿರುತ್ತಾರೆ. ಬಾಗಿಲಲ್ಲಿ ಪಿಸ್ತೂಲು ಹಾರಿದ ಮೇಲೆಯೇ ಮೊದಲ ಗೋಳು. ಕಾಯಿಲೆ, ಮುಪ್ಪು, ಸಾವು ಇವು ಮಾತ್ರ ಯಾರ ಅಪ್ಪಣೆಗೂ ಕಾಯುವುದಿಲ್ಲ. "ನನ್ನ ಮಂಡಿನೋವು ನೋಡೇ, ನನ್ನನ್ನೇ ಒಂದು ಮಾತು ಕೇಳ್ದೆ ಶುರುವಾಯ್ತು. ಎಷ್ಟು ಕೊಬ್ಬು ಅದಕ್ಕೆ!" ಎಂದು ದೊಡ್ಡಮ್ಮ ಮಂಡಿಗೆ ಎಣ್ಣೆ ತಿಕ್ಕುತ್ತ ಬೈಯುತ್ತಿದ್ದಳು.

ಸದ್ದಿಗೆ ಕಣ್ಣಿಲ್ಲ ನೋಡಿ. ಯಾರ ಮನೆಯ ಮುಂದೆ ಹಾರಿಸಿದರೂ ಕಿವಿಗೆ ಬಿದ್ದವರೆಲ್ಲರಿಗೂ ತಾಕುತ್ತದೆ. ಆ ಗಳಿಗೆಯಲ್ಲಿ ಅವರ ಮನಸ್ಸಿನ ಮುಂದೆ ಏನಿರುತ್ತದೋ ಅದು ಶುರುವಾಗಿಬಿಡುತ್ತದೆ. ಅದಕ್ಕೇ ಅವತ್ತು ಪಿಸ್ತೂಲು ಹಾರಲಿರುವ ಮನೆಯ ಬಾಗಿಲಿಗೆ ಮುಂಜಾನೆಯೇ ಕೆಂಪು ಬಟ್ಟೆ ಕಟ್ಟುತ್ತಾರೆ. ಅದನ್ನು ನೋಡಿದ ಬೀದಿಯವರು, ತಮಗೆ ಶುರುವಾಗುವುದೇನೂ ಬೇಡವಾಗಿದ್ದರೆ, ಕಿವಿಗೆ ಹತ್ತಿ ತುರುಕಿಕೊಳ್ಳುತ್ತಾರೆ. ಅಂಚೆಯ ಶೇಖರಪ್ಪ ಒಮ್ಮೆ ಮರೆತು ಯಾರದೋ ಮದುವೆಯ ಪಿಸ್ತೂಲು ಕೇಳಿಸಿಕೊಂಡ. ಆ ಹೊತ್ತಿಗೆ ಅವನು ರೇಡಿಯೋದ ಕೊಳಲಿಗೆ ತಲೆದೂಗುತ್ತಿದ್ದನಂತೆ. ಐವತ್ತೆಂಟನೇ ವಯಸ್ಸಿನಲ್ಲಿ ಕೊಳಲು ಕಲಿಯಲು ಶುರುಮಾಡಿದ. ಇವತ್ತಿಗೂ ಬಂದಿಲ್ಲ, ಬಿಟ್ಟೂ ಇಲ್ಲ.

ಹತ್ತಿ ಕೊಡುವವರು ದಾವಲ್‌ಸಾಬರು. ದೊಡ್ಡಮ್ಮನ ಮನೆಯ ಕೆಳಗಿನ ತಿರುವಿನಲ್ಲಿ ಅವರ ಅಂಗಡಿ. ಗಾದಿಗೆ, ದಿಂಬಿಗೆ ಹತ್ತಿ ಹಿಂಜುತ್ತ ಇಡೀ ದಿನ ಬಿಲ್ಲಿನ ತಂತಿ ಮೀಟುತ್ತಿರುತ್ತಾರೆ, ಟುಂಯ್ ಟುಂಯ್ ಎಂದು. ನಮ್ಮದು ಬಂಡೆ ಗುಡ್ಡದ ಮೇಲೆ ಮೆಟ್ಟಿಲು ಮೆಟ್ಟಿಲಾಗಿ ಹತ್ತಿದ ಊರು. ಕೆಳಗಿನಿಂದ ಗಾಳಿ ಬಂದರೆ ದಾವಲ್‌ಸಾಬರ ಅಂಗಡಿಯ ನೊರೆಹತ್ತಿ ಒಂದೊಂದೇ ಎಳೆಯಾಗಿ ಮೇಲೇರಿ ಎಲ್ಲರ ಕಿಟಕಿಯಲ್ಲೂ ಹಾದುಹೋಗುತ್ತದೆ. ನಾನು ರವಿಕೆ ಹೊಲಿಯುತ್ತ ಕೂತಾಗ ಸೂಜಿಯ ಮುಂದೆ ಬಂದು ನಿಂತು, ಯೋಚನೆ ಮಾಡಿ, ಹೋಗುತ್ತದೆ. ಬೇಸಿಗೆಯ ಮಧ್ಯಾಹ್ನಗಳಲ್ಲಿ ಊರಿಗೆ ಊರೇ ಯಾರದೋ ದಿಂಬಿನೊಳಗೆ ಮಲಗಿದ ಹಾಗಿರುತ್ತದೆ.

ದಾವಲ್‌ಸಾಬರು ಬೆಳಿಗ್ಗೆ ಅಂಗಡಿ ತೆಗೆದ ತಕ್ಷಣ ಮೊದಲು ಮಾಡುವ ಕೆಲಸ ಎರಡು ಪುಟ್ಟ ಉಂಡೆ ಹತ್ತಿಯನ್ನು ಮೃದುವಾಗಿ ಹೊಸೆದು ದೊಡ್ಡಮ್ಮನಿಗೆ ಕೊಡುವುದು. "ತಗೋ ಹಾಲಕ್ಕ" ಎನ್ನುತ್ತಿದ್ದರು ಅವರು. "ತಾ ದಾವಲಣ್ಣ" ಎನ್ನುತ್ತಿದ್ದಳು ಇವಳು. ಇಬ್ಬರಲ್ಲಿ ಯಾರು ದೊಡ್ಡವರೆಂದು ಅವರಿಬ್ಬರೂ ನಲವತ್ತು ವರ್ಷವಾದರೂ ಇತ್ಯರ್ಥ ಮಾಡಿಕೊಂಡಿರಲಿಲ್ಲ. ಪಿಸ್ತೂಲು ಹಾರಿಸುವವಳ ಕಿವಿ ಯಾವತ್ತೂ ಮುಚ್ಚಿರಬೇಕು. ಮಾತು ಹೇಗೋ ಹತ್ತಿ ದಾಟಿ ಕೇಳುತ್ತದೆ, ಪಿಸ್ತೂಲು ಮಾತ್ರ ದಾಟುವುದಿಲ್ಲ. ದಿನಕ್ಕೆ ಮೂರು ನಾಲ್ಕು ಸಲ ಹಾರಿಸುವವಳು ಕೇಳಿಸಿಕೊಳ್ಳುತ್ತ ಹೋದರೆ ಅವಳಿಗೆ ಏನೇನು ಶುರುವಾದೀತು, ನೀವೇ ಹೇಳಿ. ಹಾಗೊಮ್ಮೆ ಕೇಳಿಸಿಕೊಂಡರೆ ಆ ದಿನವೇ ಅವಳು ಪಿಸ್ತೂಲು ಕೆಳಗಿಡಬೇಕು, ಮತ್ತೆ ಮುಟ್ಟುವಂತಿಲ್ಲ. ಪಿಸ್ತೂಲು ಹಿಡಿದ ಮೇಲೆ ತನ್ನದೇನಾದರೂ ಶುರುವಾದ ಕೈ ಊರಿನದನ್ನು ಶುರುಮಾಡಲಾರದು ಎಂದು ಹಿರಿಯರು ಹೇಳುತ್ತಾರೆ. ಯಾಕೆ ಎಂದು ನಾವು ಕೇಳಿಲ್ಲ.

ದೊಡ್ಡಮ್ಮ ಹದಿನೇಳನೇ ವಯಸ್ಸಿಗೆ ಪಿಸ್ತೂಲು ಹಿಡಿದವಳು. ಅವಳಿಗೆ ಮದುವೆ ಶುರುವಾಗಲಿಲ್ಲ, ಮಕ್ಕಳು ಶುರುವಾಗಲಿಲ್ಲ, ಸೈಕಲ್ಲು ಕಲಿಯಬೇಕೆಂಬ ಆಸೆಯಿತ್ತಂತೆ, ಅದೂ ಶುರುವಾಗಲಿಲ್ಲ. ಅವಳಿಗೆ ಇದ್ದವಳು ಒಬ್ಬಳೇ ತಂಗಿ, ನನ್ನಮ್ಮ ಮರುಳಮ್ಮ. ಪಿಸ್ತೂಲು ನಮ್ಮ ಮನೆತನದ ಹೆಂಗಸರ ಕೈಯಲ್ಲಷ್ಟೇ ಹಾರುತ್ತದೆ. ಬೇರೆಯವರು ಎಳೆದರೆ ಟಿಕ್ ಎಂದು ಸುಮ್ಮನಾಗುತ್ತದೆ. ಹಾಗಾಗಿ ದೊಡ್ಡಮ್ಮನ ನಂತರ ಅಮ್ಮ, ಅಮ್ಮನ ನಂತರ ನಾನು. ಆದರೆ ಅಮ್ಮ ಮಧ್ಯದಲ್ಲೇ ಎದ್ದುಹೋದಳು. ಏಳು ವರ್ಷದ ಹಿಂದೆ, ಮೂರು ದಿನದ ಜ್ವರ ಅಷ್ಟೇ.

ಆ ಬೆಳಿಗ್ಗೆಯನ್ನು ನಾನು ಮರೆಯುವವಳಲ್ಲ. ಅಮ್ಮನನ್ನು ನಡುಮನೆಯಲ್ಲಿ ಮಲಗಿಸಿದ್ದರು. ನಾವೆಲ್ಲ ಗೋಡೆಗೊರಗಿ ಒಣಗಣ್ಣಿನಲ್ಲಿ ಕಾಯುತ್ತಿದ್ದೆವು. ಎದೆಯಲ್ಲಿ ಏನೋ ಬಂಡೆಯ ಹಿಂದಿನ ನೀರಿನ ಹಾಗೆ ಒತ್ತುತ್ತಿತ್ತು. ದೊಡ್ಡಮ್ಮ ಬಂದಳು. ಕಿವಿಯಲ್ಲಿ ಬಿಳೀ ಹತ್ತಿ. ಒಳಗೆ ಬಂದು ತಂಗಿಯ ಹಣೆ ಮುಟ್ಟಿದಳು, ಬಾಗಿಲಿಗೆ ಹೋದಳು, ಕೈ ಎತ್ತಿದಳು. ಢಂ ಎಂದಿತು. ನಾವೆಲ್ಲ ಒಟ್ಟಿಗೆ ಬಿಕ್ಕಿದೆವು. ಬೀದಿಯ ನಾಯಿ ಕೂಡ ಊಳಿಟ್ಟಿತು. ದೊಡ್ಡಮ್ಮ ಮಾತ್ರ ಪಿಸ್ತೂಲಿನ ಮೂತಿ ಒರೆಸಿ, ಚೀಲಕ್ಕೆ ಹಾಕಿ, "ಹನ್ನೊಂದಕ್ಕೆ ಹೊಸ ಹಿಟ್ಟಿನ ಗಿರಣೀದು ಇದೆ, ಜನ ಕಾಯ್ತಿದಾರೆ" ಎಂದು ಮೆಟ್ಟಿಲಿಳಿದು ಹೋದಳು. ಒಂದು ಹನಿ, ಒಂದೇ ಒಂದು ಹನಿ ಕಣ್ಣೀರು ಬರಲಿಲ್ಲ. ಒಡಹುಟ್ಟಿದ ತಂಗಿ! ಮಣ್ಣಿಗೆ ಹೊತ್ತಿಗೆ ಸರಿಯಾಗಿ ಬಂದಳು ಅನ್ನಿ. ಸೀರೆಯ ಸೆರಗಿನ ಮೇಲೆ ಹಿಟ್ಟಿನ ಧೂಳಿತ್ತು.

ಅಳು ನನಗೆ ಒಂದು ತಿಂಗಳಿಗೆ ಮುಗಿಯಿತು. ಸಿಟ್ಟು ಮುಗಿಯಲಿಲ್ಲ. ಅದೂ ಅದೇ ಪಿಸ್ತೂಲಿಗೆ ಶುರುವಾಗಿತ್ತೋ ಏನೋ, ಏಳು ವರ್ಷ ಗಡಿಯಾರದ ಹಾಗೆ ನಡೆಯಿತು. ಎದುರು ಸಿಕ್ಕರೆ ಮಾತಾಡಿಸುತ್ತಿದ್ದೆ, ಇಲ್ಲ ಎನ್ನುವುದಿಲ್ಲ. ಹಬ್ಬಕ್ಕೆ ಹೋಳಿಗೆ ಕಳಿಸುತ್ತಿದ್ದೆ, ಆದರೆ ತುಪ್ಪ ಹಾಕುತ್ತಿರಲಿಲ್ಲ. ಅಷ್ಟು ಲೆಕ್ಕದ ಸಿಟ್ಟು ನನ್ನದು.

ಪ್ರತಿ ವರ್ಷ ಅಮ್ಮನ ತಿಥಿಯ ಮರುದಿನ ದೊಡ್ಡಮ್ಮ ನನ್ನ ಅಂಗಡಿಗೆ ಬರುತ್ತಿದ್ದಳು. ಮಂಡಿ ಹಿಡಿದುಕೊಂಡು ನಾಲ್ಕು ಕಡೆ ಕೂತು ಎದ್ದು ಬರುತ್ತಿದ್ದಳು. ಹೊಲಿಗೆ ಯಂತ್ರದ ಪಕ್ಕದ ಸ್ಟೂಲಿನ ಮೇಲೆ ಕೂತು, ಚಿಂದಿ ಬಟ್ಟೆಗಳನ್ನು ಬಣ್ಣ ಬಣ್ಣ ವಿಂಗಡಿಸುತ್ತ, "ಕೊಟ್ರಿ, ಬಂದು ಹಿಡ್ಕೊಳ್ಳೇ ಪಿಸ್ತೂಲ್ನ" ಎನ್ನುತ್ತಿದ್ದಳು.

"ನಂಗೆ ಪುರುಸೊತ್ತಿಲ್ಲ ದೊಡ್ಡಮ್ಮ."

"ಪುರುಸೊತ್ತು ಮಾಡ್ಕೋಬೇಕು ಕಣೇ. ನನ್ನ ಕೈ ಸೋತೈತೆ."

"ನಿನ್ನ ಕೈ ಸೋತ್ರೂ ಎದೆ ಗಟ್ಟಿ ಇದೆಯಲ್ಲ, ಇನ್ನೊಂದು ಇಪ್ಪತ್ತು ವರ್ಷ ಹಾರಿಸ್ತೀಯ ಬಿಡು" ಎನ್ನುತ್ತಿದ್ದೆ ನಾನು. ಬಾಯಿಗೆ ಬಂದದ್ದು ಆಡುವವಳು ನಾನು, ನನ್ನ ಗಂಡನೂ ಅದನ್ನೇ ಹೇಳುತ್ತಾನೆ. ಅವಳು ಚಿಂದಿಗಳನ್ನು ಅಂದವಾಗಿ ಗಂಟು ಕಟ್ಟಿಟ್ಟು ಎದ್ದು ಹೋಗುತ್ತಿದ್ದಳು.

ಕಳೆದ ವರ್ಷ ಹೊರಗಿನವನೊಬ್ಬ ನನ್ನ ಅಂಗಡಿಗೆ ಸೂಜಿ, ಗುಂಡಿ ಮಾರಲು ಬಂದಿದ್ದ. ದೊಡ್ಡಮ್ಮ ಅದೇ ಹೊತ್ತಿಗೆ ಎಲ್ಲಿಗೋ ಹೋಗುವಾಗ ಚೀಲದಿಂದ ಪಿಸ್ತೂಲು ತೆಗೆದು ನನ್ನ ಮೇಜಿನ ಮೇಲಿಟ್ಟು, ನೀರು ಕೇಳಿದಳು. ಆ ಮನುಷ್ಯ ಅಯ್ಯಯ್ಯೋ ಎಂದು ಗುಂಡಿಗಳನ್ನೆಲ್ಲ ಚೆಲ್ಲಿ ಮೇಜಿನ ಕೆಳಗೆ ಸೇರಿಕೊಂಡ. ಹೊರಗೆಳೆಯುವಷ್ಟರಲ್ಲಿ ಸಾಕಾಯಿತು. ಆಮೇಲೆ ಬೆವರು ಒರೆಸಿಕೊಳ್ಳುತ್ತ ಅವನು ಹೇಳಿದ ಮಾತು ಕೇಳಿ ನಾವಿಬ್ಬರೂ ಮುಖ ಮುಖ ನೋಡಿಕೊಂಡೆವು. ಅವರ ಊರುಗಳಲ್ಲಿ ಓಟದ ಪಂದ್ಯಕ್ಕೊಂದು ಬಿಟ್ಟರೆ ಪಿಸ್ತೂಲಿನಿಂದ ಏನೂ ಶುರುವಾಗುವುದಿಲ್ಲವಂತೆ. ಬರೀ ಮುಗಿಯುತ್ತದಂತೆ. ಅದರೊಳಗೆ ಸೀಸ ಹಾಕಿ ಮನುಷ್ಯರ ಕಡೆಗೆ ಹಿಡಿಯುತ್ತಾರಂತೆ.

"ಮನುಷ್ಯರ ಕಡೆಗಾ? ಆಕಾಶಕ್ಕಲ್ವಾ?" ಎಂದು ದೊಡ್ಡಮ್ಮ ಎರಡು ಸಲ ಕೇಳಿದಳು. ಅವನು ಹೌದು ಹೌದು ಎಂದ. ಅವಳು ನೀರು ಕುಡಿದು ಲೋಟ ಕೆಳಗಿಟ್ಟು, "ಪಾಪ, ಅಲ್ಲಿ ಜನಕ್ಕೆ ಕಿವಿ ಕೇಳ್ಸಲ್ವೇನೋ. ಸದ್ದು ಸಾಕಾಗಲ್ಲ ಅವ್ರಿಗೆ" ಎಂದಳು. ಚೆಲ್ಲಿದ ಗುಂಡಿಗಳನ್ನು ಅವನ ಜೊತೆ ಕೂತು ಆರಿಸಿಕೊಟ್ಟಳು. ನನಗೆ ಮಾತ್ರ ಅವತ್ತು ಸಂಜೆಯವರೆಗೂ ಒಂದೇ ಯೋಚನೆ. ಮುಗಿಸುವ ಪಿಸ್ತೂಲೊಂದು ನಮ್ಮೂರಲ್ಲೂ ಇದ್ದಿದ್ದರೆ ಈ ಸಿಟ್ಟನ್ನು ಅದರ ಮುಂದೆ ಹಿಡಿದು ಕೈತೊಳೆದುಕೊಳ್ಳಬಹುದಿತ್ತು. ಶುರುಮಾಡುವುದಕ್ಕೆ ನಮ್ಮಲ್ಲಿ ವ್ಯವಸ್ಥೆಯಿದೆ, ನಿಲ್ಲಿಸುವುದಕ್ಕೆ ಏನಿದೆ ಹೇಳಿ?

ಈ ವರ್ಷ ಯುಗಾದಿ ಕಳೆದ ಮೇಲೆ ದೊಡ್ಡಮ್ಮನ ಕೈ ನಿಜವಾಗಿಯೂ ಸೋತಿತು. ಬೆರಳಿಗೆ ಕೊಕ್ಕೆಯನ್ನು ಪೂರ್ತಿ ಎಳೆಯುವ ಶಕ್ತಿಯಿಲ್ಲ. ಒಮ್ಮೆ ಹಾರಿದರೆ ಎರಡು ಸಲ ಪುಸ್ ಎನ್ನುತ್ತಿತ್ತು. ಅರ್ಧ ಸದ್ದಿಗೆ ಎಲ್ಲವೂ ಅರ್ಧ ಶುರುವಾಯಿತು. ಹಾಲು ಹೆಪ್ಪಾಗಲು ಹೊರಟು ನಡುವೆ ಮನಸ್ಸು ಬದಲಿಸುತ್ತಿತ್ತು. ಮೇಲಿನ ಓಣಿಯ ಹೊಸ ಗಂಡ ಹೆಂಡತಿ ಸೋಮವಾರ, ಗುರುವಾರ ಮಾತ್ರ ಮಾತಾಡುತ್ತಿದ್ದರು. ಎದುರುಮನೆಯ ಪಂಪಣ್ಣನ ಮೊಮ್ಮಗಳು ದಾನು ಗೋಡೆ ಹಿಡಿದು ಎದ್ದು ನಿಂತಳು, ನಿಂತೇ ಉಳಿದಳು. ಎರಡು ತಿಂಗಳು ಆ ಕೂಸು ಒಂದು ಕಾಲು ಮುಂದಿಟ್ಟು, ಇನ್ನೊಂದನ್ನು ಎತ್ತಬೇಕೋ ಬೇಡವೋ ಎಂದು ಗೋಡೆಯನ್ನೇ ಕೇಳುತ್ತಿರುವಂತೆ ನಿಂತಿತ್ತು.

ಪಂಪಣ್ಣ ನನ್ನ ಅಂಗಡಿಯ ಬಾಗಿಲಿಗೆ ಬಂದು ನಿಂತ. ತೂಕದ ಮನುಷ್ಯ, ಯಾರನ್ನೂ ಏನನ್ನೂ ಕೇಳಿದವನಲ್ಲ. "ಕೊಟ್ರವ್ವ, ನಿನ್ನ ಕಾಲಿಗೆ ಬೀಳ್ಬೇಕಾ ಹೇಳು, ಬೀಳ್ತೀನಿ. ಪಿಸ್ತೂಲು ಹಿಡ್ಕೋ. ಮಗೀನ ಮುಖ ನೋಡೋಕಾಗ್ತಿಲ್ಲ" ಎಂದ.

"ಬಿಡ್ತು ಅನ್ನಿ ಪಂಪಣ್ಣ, ಹಿರಿಯರು ನೀವು" ಎಂದೆ. ತಲೆ ತಗ್ಗಿಸಿ ಗುಂಡಿಯ ಕಾಜ ಮಾಡುತ್ತ ಕೂತೆ. ಮನಸ್ಸಿನಲ್ಲಿ ಒಂದು ಪುಟ್ಟ ದುಷ್ಟ ಸಂತೋಷವಿತ್ತು, ಸುಳ್ಳು ಯಾಕೆ ಹೇಳಲಿ. ಅಳದವಳ ಕೈ ನಡುಗಲಿ ಎಂದುಕೊಂಡಿದ್ದೆ.

ಮರುದಿನ ದಾವಲ್‌ಸಾಬರು ಗಾದಿಯ ಹೊದಿಕೆ ಹೊಲಿಸುವ ನೆಪದಲ್ಲಿ ಬಂದರು. ಅವರು ನಮ್ಮ ಅಂಗಡಿಗೆ ಬಂದದ್ದು ಅದೇ ಮೊದಲು. ಹುಬ್ಬಿನ ಮೇಲೂ ಹತ್ತಿ, ಗಡ್ಡದಲ್ಲೂ ಹತ್ತಿ. ಬಟ್ಟೆ ಕೊಟ್ಟು ಹೋಗಬೇಕಾದವರು ನಿಂತೇ ಇದ್ದರು.

"ಕೂತ್ಕೊಳ್ಳಿ ಮಾಮ. ಚಾ ತರಿಸ್ಲಾ?"

"ಚಾ ಬ್ಯಾಡವ್ವ. ಒಂದು ತಪ್ಪಾಗೈತೆ ನನ್ ಕೈಲಿ. ಏಳು ವರ್ಷದಿಂದ ಹೊಟ್ಟೇಲಿಟ್ಕೊಂಡಿದೀನಿ."

ನಾನು ಯಂತ್ರ ನಿಲ್ಲಿಸಿದೆ.

"ನಿಮ್ಮವ್ವ ತೀರ್ಕೊಂಡ ದಿನ" ಎಂದರು ಅವರು, ಕೈಯಲ್ಲಿದ್ದ ಟೋಪಿಯನ್ನು ತಿರುಗಿಸುತ್ತ. "ಬೆಳಿಗ್ಗೆ ಹಾಲಕ್ಕ ಬಂದ್ಳು. ಅಂಗಡಿ ಮುಂದೆ ಬಂದು ಕೈ ಚಾಚಿದ್ಳು, ದಿನಾ ಚಾಚೋ ಹಂಗೆ. ನಾನೂ ದಿನಾ ಕೊಡೋ ಹಂಗೆ ಎರಡು ಉಂಡೆ ಹೊಸೆದು ಇಟ್ಟೆ. ತಗೋ ಹಾಲಕ್ಕ ಅಂದೆ. ಅವ್ಳು ಕಿವೀಲಿಟ್ಕೊಂಡು ಹೋದ್ಳು. ಅವಳು ತಿರುವು ದಾಟಿದ ಮೇಲೆ ನಂಗೆ ಹೊಳೀತು. ಅಯ್ಯೋ ದೇವರೇ, ಇವತ್ತು ಸತ್ತಿರೋಳು ಅವಳ ತಂಗಿ. ಇವತ್ತು ಅವಳೂ ಕೇಳಿಸ್ಕೋಬೇಕಾಗಿತ್ತಲ್ಲ! ಓಡಿದೆ. ಬಾಗಿಲ ಹತ್ರ ಬರೋ ಹೊತ್ಗೆ ಢಂ ಅಂದಿತ್ತು."

ಅಂಗಡಿಯೊಳಗೆ ಒಂದು ಎಳೆ ಹತ್ತಿ ಬಂದು ನಮ್ಮಿಬ್ಬರ ಮಧ್ಯೆ ನಿಂತಿತು. ನಾನು ಅದನ್ನೇ ನೋಡುತ್ತಿದ್ದೆ. ಊರಿನವರೆಲ್ಲ ಅವತ್ತು ಆ ಮನೆಯಲ್ಲಿದ್ದೆವು. ಅವಳ ಕಿವಿಯಲ್ಲಿ ಬಿಳೀ ಹತ್ತಿ ಇದ್ದದ್ದನ್ನು ನಾನೇ ಕಣ್ಣಾರೆ ಕಂಡಿದ್ದೆ. ಪಿಸ್ತೂಲಿನವಳ ಕಿವಿಯಲ್ಲಿ ಹತ್ತಿ ಇರುವುದು ಮೂಗಿನಲ್ಲಿ ಮೂಗುಬೊಟ್ಟು ಇದ್ದಷ್ಟೇ ಸಹಜ. ಯಾರಿಗೂ ಹೊಳೆಯಲಿಲ್ಲ.

"ಅವಳಿಗೆ ಅಳು ಶುರುವಾಗೇ ಇಲ್ಲ ಕಣವ್ವ" ಎಂದರು ದಾವಲ್‌ಸಾಬರು. "ಏಳು ವರ್ಷದಿಂದ ಬಂಡೆ ಹಿಂದಿನ ನೀರಿನಂಗೆ ಹೊತ್ಕೊಂಡು ತಿರುಗ್ತಿದಾಳೆ."

"ಆಮೇಲಾದ್ರೂ ಒಂದಿನ ಹತ್ತಿ ತೆಗೆದು ಕೇಳಿಸ್ಕೋಬಹುದಿತ್ತಲ್ಲ" ಎಂದೆ.

"ಕೇಳಿಸ್ಕೊಂಡ್ರೆ ಅವತ್ತೇ ಪಿಸ್ತೂಲು ಇಡ್ಬೇಕು. ಇಟ್ರೆ ಹಿಡಿಯೋರು ಯಾರು? ಊರು ನಿಂತೋಗುತ್ತೆ." ಅವರು ನನ್ನ ಮುಖವನ್ನು ನೋಡಲಿಲ್ಲ, ಟೋಪಿಯನ್ನೇ ನೋಡುತ್ತ ಹೇಳಿದರು. "ಪ್ರತಿ ವರ್ಷ ನಿನ್ನ ಹತ್ರ ಬಂದು ಹೋಗ್ತಾಳೆ. ವಾಪಸ್ ಹೋಗ್ತಾ ನನ್ನ ಅಂಗಡಿ ಮುಂದೆ ನಿಂತು, ದಾವಲಣ್ಣ ಈ ವರ್ಷಾನೂ ಇಲ್ಲ ಅಂತಾಳೆ. ಅಷ್ಟೇ ಅನ್ನೋದು. ಮತ್ತೆ ಕೈ ಚಾಚ್ತಾಳೆ."

ಅವರು ಹೋದರು. ಯಂತ್ರದ ಪಕ್ಕದಲ್ಲಿ ದೊಡ್ಡಮ್ಮ ಕಳೆದ ವರ್ಷ ಕಟ್ಟಿಟ್ಟುಹೋದ ಚಿಂದಿಯ ಗಂಟು ಇನ್ನೂ ಹಾಗೆಯೇ ಇತ್ತು. ಹಸಿರು ಬೇರೆ, ಕೆಂಪು ಬೇರೆ, ಹೂವಿನದು ಬೇರೆ. ನಾಚಿಕೆಯಿಂದ ನನ್ನ ಕಿವಿ ಸುಟ್ಟುಹೋಯಿತು. ಅವಳ ಅಳುವನ್ನು ಏಳು ವರ್ಷ ತಡೆದು ಹಿಡಿದವಳು ನಾನು, ಅವಳು ಅಳಲಿಲ್ಲವೆಂದು ತುಪ್ಪ ಹಾಕದೆ ಹೋಳಿಗೆ ಕಳಿಸಿದವಳೂ ನಾನೇ. ಅಂಗಡಿಗೆ ಬೀಗ ಹಾಕಿದೆನೋ ಇಲ್ಲವೋ, ಮೆಟ್ಟಿಲು ಹತ್ತಿದೆ.

ದೊಡ್ಡಮ್ಮ ಅಂಗಳದಲ್ಲಿ ಬಿಸಿಲಿಗೆ ಕಾಲು ಚಾಚಿ ಮಂಡಿಗೆ ಎಣ್ಣೆ ತಿಕ್ಕುತ್ತಿದ್ದಳು. ಪಕ್ಕದಲ್ಲಿ ಮದ್ದನ್ನು ಒಣಗಲು ಹಾಕಿದ್ದಳು. ನನ್ನನ್ನು ನೋಡಿ, "ಏನೇ, ಸೂರ್ಯ ಯಾವ ಕಡೆ ಹುಟ್ಟಿದಾನೆ ಇವತ್ತು?" ಎಂದಳು.

"ಯಾಕೆ ಹೇಳ್ಲಿಲ್ಲ ನಂಗೆ?"

"ಏನ್ನ?"

"ದಾವಲ್ ಮಾಮ ಬಂದಿದ್ರು."

ಎಣ್ಣೆಯ ಕೈ ನಿಂತಿತು. "ಆ ಮುದುಕನ ಹೊಟ್ಟೇಲಿ ಹತ್ತಿ ಒಂದೇ ನಿಲ್ಲೋದು, ಮಾತು ನಿಲ್ಲಲ್ಲ" ಎಂದಳು. ಮತ್ತೆ ತಿಕ್ಕತೊಡಗಿದಳು.

"ಒಂದು ಮಾತು ಹೇಳಿದ್ರೆ ಅವತ್ತೇ ಬಂದು ಹಿಡ್ಕೋತಿದ್ದೆ. ನಾನೇನು ರಾಕ್ಷಸೀನಾ?"

"ಹೇಳೋದೇನು? ನಾನು ಅಳ್ಬೇಕು, ಅದಕ್ಕೆ ಅನುಕೂಲ ಮಾಡ್ಕೊಡು ಅಂತ ಕೇಳೋಕಾಗುತ್ತೇನೇ? ಕಣ್ಣೀರಿಗೆ ಯಾರಾದ್ರೂ ಅರ್ಜಿ ಹಾಕ್ತಾರಾ?" ಗಾಳಿ ಬಂದು ಮದ್ದಿನ ಮೇಲೆ ಮುಚ್ಚಿದ ಬಟ್ಟೆಯನ್ನು ಎತ್ತಿತು, ಅವಳು ಕಾಲಿನಿಂದಲೇ ಒತ್ತಿ ಹಿಡಿದಳು. "ಎಷ್ಟೋ ಸಲ ತೆಗ್ಯೋಣ ಅನ್ಸಿದೆ. ಹತ್ತಿ ಅರ್ಧ ತೆಗ್ದೂ ಇದೀನಿ. ಆಮೇಲೆ ಎದುರುಗಡೆ ಯಾರ್ದೋ ಹೊಸಾ ಮನೆ, ಯಾರ್ದೋ ಮಗು. ಮರುಳಿ ಕಾಯ್ತಾಳೆ, ಅವಳಿಗೇನು ಅವಸರ, ಇವ್ರು ಕಾಯಕ್ಕಾಗಲ್ಲ ಅಂದ್ಕೊಂಡು ಮತ್ತೆ ತುರುಕ್ಕೋತಿದ್ದೆ."

ನಾನು ಅವಳ ಕಾಲ ಬಳಿ ಕೂತೆ. ಎಣ್ಣೆಯ ಬಟ್ಟಲನ್ನು ಕೈಯಿಂದ ತೆಗೆದುಕೊಂಡು ಮಂಡಿ ತಿಕ್ಕಿದೆ. ಕ್ಷಮಿಸು ಎಂದು ನಮ್ಮ ಮನೆಯಲ್ಲಿ ಯಾರೂ ಹೇಳಿದ್ದಿಲ್ಲ, ಹೇಗೆ ಹೇಳುತ್ತಾರೋ ಗೊತ್ತಿಲ್ಲ. "ಬರೋ ಹಬ್ಬಕ್ಕೆ ತುಪ್ಪ ಹಾಕಿ ಕಳಿಸ್ತೀನಿ" ಎಂದೆ.

"ಹೂಂ, ಗೊತ್ತಾಗಿತ್ತು ಬಿಡು ನಂಗೆ" ಎಂದಳು ದೊಡ್ಡಮ್ಮ. "ಒಣಾ ಹೋಳಿಗೆ ತಿಂದು ತಿಂದು ಗಂಟಲು ಗೀರಿಹೋಗೈತೆ."

ಇಬ್ಬರೂ ನಕ್ಕೆವು. ನಗುತ್ತ ನಗುತ್ತ ಅವಳು ಹೇಳಿದಳು, "ಚಿಕ್ಕೋರಿದ್ದಾಗ ನಿಮ್ಮವ್ವನ ಹಟ ನೋಡ್ಬೇಕಿತ್ತು. ನಮ್ಮತ್ತೆ ಪಿಸ್ತೂಲು ಹಾರಿಸೋಳು ಆಗ. ಮರುಳಿ ಜಪ್ಪಯ್ಯ ಅಂದ್ರೂ ಕಿವಿಗೆ ಹತ್ತಿ ಇಟ್ಕೋತಿರ್ಲಿಲ್ಲ, ಕಚಗುಳಿ ಆಗುತ್ತೆ ಅಂತ. ನಾನೇ ಹಿಂದೆ ನಿಂತು ಎರಡೂ ಕಿವೀನ ಅಂಗೈಯಲ್ಲಿ ಮುಚ್ಚಿ ಹಿಡ್ಕೋತಿದ್ದೆ. ಸದ್ದು ಮುಗಿದ ಮೇಲೂ ಬಿಡಬೇಡ ಅಕ್ಕ, ಬೆಚ್ಚಗೈತೆ ಅನ್ನೋಳು."

ನಾನು ಪಿಸ್ತೂಲು ಹಿಡಿಯುವ ದಿನ ನಿಶ್ಚಯವಾಯಿತು. ಬುಧವಾರ ಬೆಳಿಗ್ಗೆ ಹತ್ತಕ್ಕೆ, ಪಂಪಣ್ಣನ ಬಾಗಿಲಲ್ಲಿ, ದಾನು ನಡೆಯುವುದಕ್ಕೆ. ಹೇಗೂ ಒಂದು ಸದ್ದು ಹಲವರಿಗೆ ತಾಕುತ್ತದೆ, ಅದರಲ್ಲೇ ತನ್ನ ಅಳುವೂ ಆಗಿಬಿಡಲಿ ಎಂದಳು ದೊಡ್ಡಮ್ಮ. "ನನ್ನೊಬ್ಬಳಿಗೇ ಅಂತ ಬೇರೆ ಮದ್ದು ಯಾಕೆ ದಂಡ?" ಎಂಬುದು ಅವಳ ವಾದ.

ಮೂರು ದಿನ ಅವಳು ನನಗೆ ಕಲಿಸಿದಳು. ಮದ್ದು ಎಷ್ಟು ಹಾಕಬೇಕು, ಮೊಣಕೈ ಎಲ್ಲಿರಬೇಕು, ಕೊಕ್ಕೆಯನ್ನು ಹೇಗೆ ಬಾಗಿಲ ಚಿಲಕ ಸರಿಸುವ ಹಾಗೆ ಮೆತ್ತಗೆ ಎಳೆಯಬೇಕು. ಪಿಸ್ತೂಲು ನಾನಂದುಕೊಂಡದ್ದಕ್ಕಿಂತ ಭಾರವಿತ್ತು, ಬೆಚ್ಚಗೂ ಇತ್ತು, ಆಗಷ್ಟೇ ಯಾರೋ ಕೊಟ್ಟುಹೋದ ಲೋಟದ ಹಾಗೆ. ನನಗೆ ಶುರುವಾಗಬೇಕಾದದ್ದು ಏನಾದರೂ ಬಾಕಿ ಇದೆಯೇ ಎಂದು ರಾತ್ರಿ ಗಂಡ ಕೇಳಿದ. ಯೋಚಿಸಿದೆ. ಅಂಗಡಿ ಶುರುವಾಗಿದೆ, ಸಂಸಾರ ಶುರುವಾಗಿದೆ, ಜಗಳವೂ ಬೇಕಾದಷ್ಟು. ಸೈಕಲ್ಲಿನ ಆಸೆ ನನಗೆ ಇರಲಿಲ್ಲ. ಸಾಕು ಎಂದೆ.

ಬುಧವಾರ ಪಂಪಣ್ಣನ ಬಾಗಿಲಿಗೆ ಕೆಂಪು ಬಟ್ಟೆ ಕಟ್ಟಿದ್ದರು. ಮೋಡವೂ ಅಲ್ಲದ ಬಿಸಿಲೂ ಅಲ್ಲದ ಬೆಳಕು. ಓಣಿಯ ಎರಡೂ ಕಡೆ ಜನ. ವಿಷಯ ಯಾರಿಗೂ ಹೇಳಿರಲಿಲ್ಲ, ಆದರೂ ಎಲ್ಲರಿಗೂ ಗೊತ್ತಿತ್ತು, ನಮ್ಮೂರು ಹಾಗೆಯೇ. ದಾನು ಹೊಸ ಲಂಗ ಉಟ್ಟು ಗೋಡೆ ಹಿಡಿದು ನಿಂತಿದ್ದಳು. ಅವಳಮ್ಮ ನಾಲ್ಕು ಹೆಜ್ಜೆಯಾಚೆ ಕೈಚಾಚಿ ಕೂತಿದ್ದಳು. ದೊಡ್ಡಮ್ಮ ತಲೆಗೆ ಎರೆದುಕೊಂಡು, ಅಮ್ಮನ ಹಸಿರು ಸೀರೆ ಉಟ್ಟು ಬಂದಿದ್ದಳು. ಕಿವಿ ಎರಡೂ ಖಾಲಿ. ಅವಳ ಕಿವಿಯನ್ನು ಹತ್ತಿಯಿಲ್ಲದೆ ನಾನು ನೋಡಿದ್ದು ಅದೇ ಮೊದಲು. ತುಂಬ ಚಿಕ್ಕ ಕಿವಿಗಳು.

ನಾನು ಮದ್ದು ತುಂಬಿದೆ. ಬಲಗೈಯಲ್ಲಿ ಹಿಡಿದು ಎಡಗೈಯ ಆಸರೆ ಕೊಟ್ಟು ಮೇಲೆತ್ತಿದೆ. ಆಗ ನೆನಪಾಯಿತು.

"ಮಾಮ, ಹತ್ತಿ!" ಎಂದೆ.

ದಾವಲ್‌ಸಾಬರು ಜೇಬು ಮುಟ್ಟಿಕೊಂಡರು. ಆ ಜೇಬು, ಈ ಜೇಬು. ಮುಖ ಬಿಳಿಚಿತು. "ಅಯ್ಯಯ್ಯೋ! ಇವತ್ತು ಅಭ್ಯಾಸಬಲದಿಂದ ಹಾಲಕ್ಕಂಗೆ ಕೊಟ್ಬಿಡ್ತೀನೇನೋ ಅಂತ ಹೆದ್ರಿಕೊಂಡು ಒಂದು ಎಳೇನೂ ತಂದಿಲ್ಲ ಕಣವ್ವ! ಗಡ್ಡಾನೂ ಕೊಡವಿಕೊಂಡು ಬಂದಿದೀನಿ!"

ನೆರೆದವರಲ್ಲಿ ಗುಸುಗುಸು ಎದ್ದಿತು. ಹತ್ತಿ ಇಟ್ಟುಕೊಂಡು ಬಂದವರೆಲ್ಲ ಕಿವಿಯನ್ನು ಭದ್ರವಾಗಿ ಹಿಡಿದುಕೊಂಡರು, ತಮ್ಮದನ್ನು ಕೊಟ್ಟರೆ ತಮಗೇನು ಶುರುವಾದೀತೋ ಎಂದು. ಅಂಗಡಿಗೆ ಓಡಿ ತರೋಣವೆಂದರೆ ತಿರುವು ದೂರ, ದಾವಲ್‌ಸಾಬರ ಉಸಿರು ಗಿಡ್ಡ. ಅಷ್ಟರಲ್ಲಿ ದಾನು ಗೋಡೆ ಬಿಟ್ಟು ಕುಸಿಯುವ ಹಾಗೆ ಓಲಾಡಿದಳು. ಪಂಪಣ್ಣ ಕಣ್ಣು ಮುಚ್ಚಿಕೊಂಡ.

"ನೀನು ಕೈ ಇಳಿಸ್ಬೇಡ" ಎಂದಳು ದೊಡ್ಡಮ್ಮ. ಅವಳು ನನ್ನ ಹಿಂದೆ ಬಂದು ನಿಂತಳು. ಎಣ್ಣೆಯ ವಾಸನೆ, ಸೀಗೆಪುಡಿಯ ವಾಸನೆ. ಅವಳ ಎರಡು ಅಂಗೈಗಳು ನನ್ನ ಎರಡು ಕಿವಿಯ ಮೇಲೆ ಬಂದು ಕೂತವು. ಓಣಿಯ ಮಾತು ನಿಂತಿತು. ಅಂಗೈಯೊಳಗೆ ಅವಳದೋ ನನ್ನದೋ ನೆತ್ತರು ದೂರದ ಗಿರಣಿಯಂತೆ ಗುಂಯ್‌ಗುಡುತ್ತಿತ್ತು. ಅವಳು ಒಂದೇ ಸಲ ಬೆರಳು ಸಡಿಲಿಸಿ, ಕಿವಿಯ ಹತ್ತಿರ ಬಾಗಿ ಹೇಳಿದಳು, "ನಿಂದೂ ಅವಳ ಕಿವೀನೇ ಕಣೇ." ಮತ್ತೆ ಮುಚ್ಚಿದಳು.

ನಾನು ಚಿಲಕ ಸರಿಸುವ ಹಾಗೆ ಮೆತ್ತಗೆ ಎಳೆದೆ.

ನನಗೆ ಏನೂ ಕೇಳಿಸಲಿಲ್ಲ. ತೋಳು ಹಿಂದಕ್ಕೆ ಒದೆಯಿತು, ಹೊಗೆ ಎದ್ದಿತು, ಬಂಡೆಯ ಮೇಲಿದ್ದ ಪಾರಿವಾಳಗಳೆಲ್ಲ ಒಟ್ಟಿಗೆ ಹಾರಿದವು. ದಾನು ಗೋಡೆಯನ್ನು ಒಮ್ಮೆ ನೋಡಿದಳು. ಕೈಬಿಟ್ಟಳು. ಎರಡು ತಿಂಗಳು ಹಿಂದೆಯೇ ಉಳಿದಿದ್ದ ಆ ಇನ್ನೊಂದು ಕಾಲು ಮುಂದೆ ಬಂತು, ಮತ್ತೆ ಮೊದಲಿನದು, ಮತ್ತೆ ಅದು. ಅವಳಮ್ಮನ ಬಾಯಿ ದೊಡ್ಡದಾಗಿ ತೆರೆದದ್ದು ಕಂಡಿತು. ಜನ ಚಪ್ಪಾಳೆ ತಟ್ಟುತ್ತಿದ್ದರು, ಸದ್ದಿಲ್ಲದ ಚಪ್ಪಾಳೆ.

ಆಮೇಲೆ ಒಬ್ಬೊಬ್ಬರೇ ತಟ್ಟುವುದನ್ನು ನಿಲ್ಲಿಸಿದರು. ಎಲ್ಲರೂ ನನ್ನ ಹಿಂದೆ ನೋಡುತ್ತಿದ್ದರು. ದಾವಲ್‌ಸಾಬರು ಟೋಪಿಯಿಂದ ಮುಖ ಮುಚ್ಚಿಕೊಂಡರು. ನನ್ನ ಕಿವಿಯ ಮೇಲಿನ ಅಂಗೈಗಳು ಮೊದಲು ಬಿಗಿಯಾದವು, ಆಮೇಲೆ ನಡುಗತೊಡಗಿದವು. ನಡುಕ ಅವಳ ಮೊಣಕೈಗೆ ಬಂತು, ಎದೆಗೆ ಬಂತು, ನನ್ನ ಬೆನ್ನಿಗೆ ಬಂತು. ಪಿಸ್ತೂಲನ್ನು ಕೆಳಗಿಳಿಸಿ ಸೊಂಟಕ್ಕೆ ಒತ್ತಿಕೊಂಡು ನಾನು ಅಲ್ಲಾಡದೆ ನಿಂತೆ. ತಿರುಗಿ ತಬ್ಬಿಕೊಳ್ಳಬೇಕೆನಿಸಿತು, ಆದರೆ ಅವಳು ಕೈ ತೆಗೆಯಲಿಲ್ಲ. ನಾನೂ ತೆಗೆ ಎನ್ನಲಿಲ್ಲ. ಬೆಚ್ಚಗಿತ್ತು.

ದೊಡ್ಡಮ್ಮ ಅಳಲಿಲ್ಲವೆಂದು ಏಳು ವರ್ಷ ದೂರಿದವಳು ನಾನು. ಅವಳು ಹೇಗೆ ಅತ್ತಳೆಂದು ಊರಲ್ಲಿ ಯಾರನ್ನು ಬೇಕಾದರೂ ಕೇಳಿ, ಹೇಳುತ್ತಾರೆ. ನನ್ನನ್ನು ಕೇಳಬೇಡಿ. ನನಗೆ ಕೇಳಿಸಲಿಲ್ಲ. ನನ್ನ ಬೈತಲೆ ಮಾತ್ರ ಒದ್ದೆಯಾಗುತ್ತ ಹೋಯಿತು.